ನಂಜು, ಟೆರಿಲೀನ್ ಮತ್ತು ಕೊಲೆ: ಮಣಿಬೆನ್ ತೀರ್ಪಿನ ಮರುಪರಿಶೀಲನೆ

ಒಬ್ಬರು ಹಚ್ಚಿದ ಬೆಂಕಿಯಿಂದ ಸುಟ್ಟ ವ್ಯಕ್ತಿ ಎಂಟು ದಿನ ಆಸ್ಪತ್ರೆಯಲ್ಲಿದ್ದು ನಂಜೇರಿ ಸತ್ತರೆ ಅದು ಕೊಲೆಯೋ, ಕೊಲೆಯಲ್ಲದ ದಂಡನೀಯ ನರಹತ್ಯೆಯೋ? ಗುಜರಾತಿನಿಂದ ಬಂದ ಮಣಿಬೆನ್ ಪ್ರಕರಣದಲ್ಲಿ 2009ರಲ್ಲಿ ಸುಪ್ರೀಂ ಕೋರ್ಟ್ ಎರಡನೆಯದೆಂದಿತು. ಸಾವು ತಡವಾದ ಪ್ರಕರಣಗಳಲ್ಲಿ ಆರೋಪಿಯ ಪರ ವಕೀಲರು ಅಂದಿನಿಂದ ಈ ತೀರ್ಪನ್ನು ಮುಂದಿಡುತ್ತ ಬಂದಿದ್ದಾರೆ. ತೀರ್ಪಿನ ಫಲಿತಾಂಶವನ್ನು ಸಮರ್ಥಿಸಬಹುದು, ಆದರೆ ಅದಕ್ಕೆ ಕೊಟ್ಟ ಕಾರಣಗಳನ್ನು ಒಪ್ಪಲಾಗದು ಎಂಬುದು ಈ ಲೇಖನದ ವಾದ.

ಹಿನ್ನೆಲೆಯಲ್ಲಿ ಹೆಚ್ಚು ತಕರಾರಿಲ್ಲ. ಎಲ್ಲ ಕೊಲೆಯೂ ದಂಡನೀಯ ನರಹತ್ಯೆಯೇ, ಆದರೆ ಎಲ್ಲ ದಂಡನೀಯ ನರಹತ್ಯೆಯೂ ಕೊಲೆಯಲ್ಲ. 1860ರ ದಂಡ ಸಂಹಿತೆಯ 299 ಮತ್ತು 300ನೇ ಕಲಂಗಳ ನಡುವಿನ ಗೆರೆಯನ್ನು ಮುಂಬಯಿ ಹೈಕೋರ್ಟಿನ ನ್ಯಾಯಮೂರ್ತಿ ಮೆಲ್ವಿಲ್ 1876ರ ಗೋವಿಂದ ಪ್ರಕರಣದಲ್ಲಿ ಸಾವಿನ ಸಂಭವದ ಮಟ್ಟವನ್ನು ಅಳೆದು ಎಳೆದರು. ಹದಿನೆಂಟರ ಗಂಡ ಹದಿನೈದರ ಹೆಂಡತಿಯನ್ನು ಕೆಡವಿ, ಎದೆಯ ಮೇಲೆ ಮೊಣಕಾಲೂರಿ, ಮುಖಕ್ಕೆ ಎರಡು ಮೂರು ಗುದ್ದು ಹಾಕಿದ್ದ. ಮಿದುಳಿನಲ್ಲಿ ರಕ್ತಸ್ರಾವವಾಗಿ ಆಕೆ ಸತ್ತಳು. ಅದು ಕೊಲೆಯಲ್ಲವೆಂದು ತೀರ್ಮಾನವಾಯಿತು. ಮುಂದೆ ವೀರ್ಸಾ ಸಿಂಗ್ (1958) ಪ್ರಕರಣದಲ್ಲಿ ನ್ಯಾಯಮೂರ್ತಿ ವಿವಿಯನ್ ಬೋಸ್ 300ರ ಮೂರನೇ ಖಂಡಕ್ಕೆ ಅರ್ಥ ಹೇಳಿದರು: ಆರೋಪಿ ಆ ಗಾಯವನ್ನೇ ಮಾಡಲು ಉದ್ದೇಶಿಸಿದ್ದರೆ ಸಾಕು, ಅದು ಸಾಮಾನ್ಯ ಗತಿಯಲ್ಲಿ ಸಾವಿಗೆ ಸಾಲುವಂಥದು ಎಂಬುದು ಅವನಿಗೆ ತಿಳಿದಿರಬೇಕಾಗಿಲ್ಲ. ಪುನ್ನಯ್ಯ (1976) ಪ್ರಕರಣದ ತೀರ್ಪು ಇಡೀ ವಿಚಾರವನ್ನು ಮೆಟ್ಟಿಲು ಮೆಟ್ಟಿಲಾಗಿ ಜೋಡಿಸಿಕೊಟ್ಟಿತು.

ಇನ್ನು ಮಣಿಬೆನ್. ಅತ್ತೆ, ಸೊಸೆ ಹಲವು ವರ್ಷಗಳಿಂದ ಬೇರೆ ಬೇರೆ ಇದ್ದವರು. ಅಂದು ಇಬ್ಬರಿಗೂ ಜಗಳವಾಯಿತು. ಬಳಿಕ ಸೊಸೆ ಮಗಳೊಂದಿಗೆ ನೀರು ತರಲು ಹೋಗಿ ಮರಳುತ್ತಿದ್ದಾಗ ಅತ್ತೆ ಅವಳ ಬಟ್ಟೆಯ ಮೇಲೆ ಉರಿಯುತ್ತಿದ್ದ ಬತ್ತಿ ಎಸೆದಳು. ಸೊಸೆ ಉಟ್ಟಿದ್ದದ್ದು ಟೆರಿಲೀನ್ ಎಂಬ ಪಾಲಿಯೆಸ್ಟರ್ ಬಟ್ಟೆ, ಬೆಂಕಿ ಜೋರಾಯಿತು. ಮೈ ಸುಮಾರು ಶೇ. 60ರಷ್ಟು ಸುಟ್ಟು, ಎಂಟು ದಿನಕ್ಕೆ ನಂಜೇರಿ ಸತ್ತಳು. ಆ ಎಂಟು ದಿನಗಳಲ್ಲಿ ಗಾಯ ಉಲ್ಬಣಿಸಿದ್ದು ಸಾವಿಗೆ ಕಾರಣ, ಕೊಲ್ಲುವ ಉದ್ದೇಶವಿತ್ತೆಂದು ಹೇಳಲಾಗದು, 300ರ ನಾಲ್ಕನೇ ಖಂಡವೂ ಅನ್ವಯಿಸದು ಎಂದು ನ್ಯಾಯಾಲಯ ಕೃತ್ಯವನ್ನು 304ನೇ ಕಲಮಿನ ಎರಡನೇ ಭಾಗದಡಿ, ಅಂದರೆ ಉದ್ದೇಶವಿಲ್ಲದೆ ಅರಿವಿನಿಂದಷ್ಟೇ ಆದ ನರಹತ್ಯೆಯ ಅಡಿ, ತಂದಿತು.

ಇಲ್ಲಿ ಎರಡು ಬೇರೆ ಪ್ರಶ್ನೆಗಳು ಒಂದರೊಳಗೊಂದು ಕಲೆತುಹೋಗಿವೆ. ಸಾವನ್ನು ಉಂಟುಮಾಡಿದವರು ಯಾರು ಎಂಬುದು ಒಂದು; ಕೃತ್ಯದ ಗಳಿಗೆಯಲ್ಲಿ ಆರೋಪಿಯ ಮನಸ್ಸಿನಲ್ಲಿ ಏನಿತ್ತು ಎಂಬುದು ಇನ್ನೊಂದು. ಮೊದಲನೆಯದಕ್ಕೆ 299ರ ಎರಡನೇ ವಿವರಣೆಯಲ್ಲೇ ಉತ್ತರವಿದೆ: ತಕ್ಕ ಚಿಕಿತ್ಸೆಯಿಂದ ಸಾವು ತಪ್ಪಬಹುದಿತ್ತಾದರೂ ಗಾಯ ಮಾಡಿದವನೇ ಸಾವಿಗೆ ಹೊಣೆ. ಎಂಟನೇ ದಿನದ ನಂಜು ಮೊದಲ ದಿನದ ಮನಸ್ಸಿನ ಬಗ್ಗೆ ಏನು ಹೇಳೀತು? ನಂಜನ್ನು ಎರಡನೇ ಪ್ರಶ್ನೆಗೆ ತಂದು ಜೋಡಿಸಿದರೆ ಆಸ್ಪತ್ರೆಯ ಅದೃಷ್ಟದ ಮೇಲೆ ಅಪರಾಧದ ಹೆಸರು ಬದಲಾಗುತ್ತದೆ. ಸುದರ್ಶನ್ ಕುಮಾರ್ ಪ್ರಕರಣದಲ್ಲಿ ಆಸಿಡ್ ದಾಳಿಗೆ ಒಳಗಾದಾಕೆ ಹನ್ನೆರಡು ದಿನ ಬದುಕಿದ್ದರೂ ಕೊಲೆಯ ಶಿಕ್ಷೆ ಉಳಿಯಿತು. 2001ರಲ್ಲಿ, ಗುಜರಾತಿನದೇ ಆದ ಪಟೇಲ್ ಹೀರಾಲಾಲ್ ಪ್ರಕರಣದಲ್ಲೂ ನಂಜಿನ ವಾದ ನಿಲ್ಲಲಿಲ್ಲ. ಪ್ರಸಾದ್ ಪ್ರಧಾನ್ (2023) ತೀರ್ಪು ಇನ್ನೂ ನೇರ: ಸಾವಿನವರೆಗಿನ ದಿನಗಳನ್ನು ಸೂತ್ರದಂತೆ ಬಳಸಕೂಡದು. ಒಂದು ವಿನಾಯಿತಿ ಇರಬೇಕು. ಗಾಯ ಸಾಮಾನ್ಯ ಗತಿಯಲ್ಲಿ ಸಾವಿಗೆ ಸಾಲುವಂಥದೇ ಎಂದು ವೈದ್ಯರನ್ನು ಕೇಳುವಾಗ ತಡವಾದ ಸಾವು ಒಂದು ಸುಳಿವಾಗಬಹುದು. ಅದಕ್ಕಿಂತ ಹೆಚ್ಚಿನ ಭಾರ ಅದು ತಾಳದು.

ಮಣಿಬೆನ್ ತೀರ್ಪಿನಲ್ಲಿ ಕಡಿಮೆ ಚರ್ಚೆಯಾಗಿರುವುದು ಟೆರಿಲೀನ್. ಬೆಂಕಿ ಜೋರಾದದ್ದಕ್ಕೆ ಬಟ್ಟೆ ಕಾರಣವೆಂದಾಗ, ಬಟ್ಟೆ ಆರೋಪಿಗೆ ಸಂಬಂಧವಿಲ್ಲದ ಆಕಸ್ಮಿಕವೆಂಬ ಧ್ವನಿ ಬರುತ್ತದೆ. ಆದರೆ ಇದು ಗುಜರಾತು. ಸೂರತ್‌ನ ಉಧ್ನಾದಂಥ ಕಡೆ ಪವರ್‌ಲೂಮ್‌ಗಳಲ್ಲಿ ಪಾಲಿಯೆಸ್ಟರ್ ನೇಯ್ದು, ಬಣ್ಣ ಹಾಕಿ, ದೇಶಕ್ಕೆಲ್ಲ ಕಳಿಸುತ್ತಾರೆ. ನಮ್ಮ ಸಂತೆಗಳಲ್ಲೂ ಸೂರತ್ ಸೀರೆಗೆ ಬೇರೆ ಪರಿಚಯ ಬೇಕಿಲ್ಲ. ಒಲೆಯ ಮುಂದೆ ಸಿಂಥೆಟಿಕ್ ಉಡಬೇಡ ಎಂಬುದು ಅಡುಗೆಮನೆಯ ದಿನನಿತ್ಯದ ಬುದ್ಧಿಮಾತು. ಹೀಗಿರುವಾಗ ಬಟ್ಟೆಯ ಸ್ವಭಾವ ಆರೋಪಿಯ ಅರಿವಿನ ಹೊರಗಿತ್ತೆಂದು ಸುಮ್ಮನೆ ಊಹಿಸಲಾಗದು. ಅದು ಅರಿವಿನ ಪುರಾವೆಯೂ ಆಗಬಹುದು. 300ರ ಎರಡನೇ ಖಂಡ ಸಂತ್ರಸ್ತರ ವಿಶೇಷ ಸ್ಥಿತಿಯನ್ನು ಆರೋಪಿ ತಿಳಿದಿರಬೇಕೆನ್ನುವುದು ಮರೆಯಾದ ದೇಹಸ್ಥಿತಿಯಂಥ ಸಂಗತಿಗಳಿಗೆ. ಕಣ್ಣೆದುರಿನ ಉಡುಪಿಗೆ ಅದನ್ನು ಹೊಂದಿಸುವುದು ಕಷ್ಟ.

ಈ ಮಾತನ್ನು ಎಚ್ಚರದಿಂದಲೇ ಮುಂದಿಡಬೇಕು. ಅಪ್ಪಟ ಪಾಲಿಯೆಸ್ಟರ್ ಜ್ವಾಲೆಯಿಂದ ಮುದುಡಿ ಹಿಂದೆ ಸರಿದು, ಕರಗಿ, ಚರ್ಮಕ್ಕೆ ಅಂಟುತ್ತದೆ. ಹತ್ತಿ ಬೇಗ ಹೊತ್ತಿ ಉರಿಯುತ್ತದೆ. ಎರಡೂ ಬೆರೆತ ಬಟ್ಟೆಯ ನಡವಳಿಕೆ ಮತ್ತೆ ಬೇರೆ. 'ಸಿಂಥೆಟಿಕ್' ಎಂಬ ಒಂದೇ ಮಾತಿನಿಂದ ಅರಿವನ್ನು ಸಾಬೀತುಪಡಿಸಲಾಗದು. ಹಾಗೆಯೇ, ಅಪಾಯ ತಿಳಿದಿತ್ತು ಎಂದ ಮಾತ್ರಕ್ಕೆ ನಾಲ್ಕನೇ ಖಂಡ ತೆರೆಯದು; ಬಹುಮಟ್ಟಿಗೆ ಖಚಿತವಾಗಿ ಸಾವು, ಇಲ್ಲವೇ ಸಾವು ತರಬಲ್ಲ ಗಾಯ, ಉಂಟುಮಾಡುವಂಥ ಸನ್ನಿಹಿತ ಅಪಾಯವೆಂಬ ಅರಿವು ಬೇಕು. ಹೀರಾಲಾಲ್ ಪ್ರಕರಣದಲ್ಲಿ ಉರಿಯುವ ದ್ರವವನ್ನೇ ಮೈಮೇಲೆ ಸುರಿದು ಹಚ್ಚಲಾಗಿತ್ತು. ಇಲ್ಲಿ ಎಸೆದದ್ದು ಒಂದು ಬತ್ತಿ. ಈ ವ್ಯತ್ಯಾಸವೊಂದೇ ಮಣಿಬೆನ್ ಪ್ರಕರಣವನ್ನು 304ರ ಎರಡನೇ ಭಾಗದಲ್ಲಿ ಉಳಿಸಲು ಸಾಕು. ನಂಜಿನ ಆಸರೆ ಅದಕ್ಕೆ ಬೇಕಿರಲಿಲ್ಲ.

2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 100 ಮತ್ತು 101ನೇ ಕಲಂಗಳು ಇದೇ ಭೇದವನ್ನು ಮುಂದುವರಿಸಿವೆ, ಆ ಎರಡನೇ ವಿವರಣೆಯೂ ಉಳಿದಿದೆ. ಉದ್ದೇಶವಿದ್ದ, ಆದರೆ ಕೊಲೆಯಾಗದ ನರಹತ್ಯೆಗೆ 105ನೇ ಕಲಂ ಈಗ ಜೀವಾವಧಿ ಇಲ್ಲವೇ ಕನಿಷ್ಠ ಐದು ವರ್ಷದ ಸಜೆ ವಿಧಿಸುವುದರಿಂದ ಉದ್ದೇಶ ಮತ್ತು ಅರಿವಿನ ಎರಡು ಭಾಗಗಳ ನಡುವಿನ ಗೆರೆಗೂ ಹೆಚ್ಚು ತೂಕ ಬಂದಿದೆ. ಉಟ್ಟ ಬಟ್ಟೆಯ ಬಗೆಗಿನ ಅರಿವನ್ನು ಪ್ರಾಸಿಕ್ಯೂಷನ್ ಸಾಕ್ಷ್ಯದಿಂದಲೇ ತೋರಿಸಬೇಕೋ, ಲೋಕಾನುಭವವೆಂದು ನ್ಯಾಯಾಧೀಶರು ತಾವಾಗಿಯೇ ಒಪ್ಪಿಕೊಳ್ಳಬಹುದೋ ಎಂಬುದು ಇತ್ಯರ್ಥವಾಗಬೇಕಾದ ಪ್ರಶ್ನೆ. ಅರೆಸುಟ್ಟ ಸೀರೆಯ ತುಂಡನ್ನು ಪಂಚನಾಮೆಯಲ್ಲಿ ಜಪ್ತಿ ಮಾಡಿ ನೂಲಿನ ಪರೀಕ್ಷೆಗೆ ಕಳಿಸುವ ಪ್ರಕರಣಗಳಲ್ಲಿ ಅದಕ್ಕೆ ಉತ್ತರ ಹುಡುಕಬಹುದು.