ಸಂಗೀತಚಿತ್ರಗಳ ಸಂಕಲನಕಾರ ವಿ. ಆರ್. ಕೆ. ಪ್ರಸಾದರು

ಪದಗಳನ್ನು ಬಿಡಿಸುವುದೂ ಸಂಧಿಗೂಡಿಸುವುದೂ ವೈಯಾಕರಣನ ಕಾರ್ಯವು. ಚಲಚ್ಚಿತ್ರದಲ್ಲಿ ಇಂತಹ ಕಾರ್ಯವನ್ನು ನೆರವೇರಿಸತಕ್ಕವನು ಸಂಕಲನಕಾರನು. ಜನರು ನಟನ ಮುಖವನ್ನು ಕಾಣುವರು, ಗಾಯಕನ ಕಂಠವನ್ನು ಕೇಳುವರು. ಇವೆರಡನ್ನೂ ಒಂದುಗೂಡಿಸಿದವನ ಹೆಸರಾದರೋ ಬಹುಜನರ ನಾಲಗೆಯ ಮೇಲೆ ನಿಲ್ಲುವುದಿಲ್ಲ. ಅಂತಹವರಲ್ಲಿ ವಿ. ಆರ್. ಕೆ. ಪ್ರಸಾದರು ಒಬ್ಬರು.

ಈ ಹೆಸರು ಜಗಳೂರು ಸೀಮೆಯವರಿಗೆ ವಿಶೇಷವಾಗಿ ಸ್ಮರಣಾರ್ಹವು. 1997ರಲ್ಲಿ ದಾವಣಗೆರೆ ಜಿಲ್ಲೆಯು ರಚಿತವಾಗುವವರೆಗೆ ಜಗಳೂರು ತಾಲ್ಲೂಕು ಚಿತ್ರದುರ್ಗ ಜಿಲ್ಲೆಗೆ ಸೇರಿದ್ದಿತು. 18ನೆಯ ಶತಮಾನದ ಉತ್ತರಾರ್ಧದಲ್ಲಿ ಬಾಳಿದನೆಂದು ಹೇಳಲಾಗುವ ಗಾಯಕ ಭೈರವಿ ವೆಂಕಟಸುಬ್ಬಯ್ಯನ ಕಥೆಯನ್ನು, ಚಿತ್ರದುರ್ಗದ ಇತಿಹಾಸವನ್ನೇ ತಮ್ಮ ಕಾದಂಬರಿಗಳಿಗೆ ವಸ್ತುವನ್ನಾಗಿಸಿಕೊಂಡಿದ್ದ ತ. ರಾ. ಸುಬ್ಬರಾಯರು (1920–1984) ‘ಹಂಸಗೀತೆ’ಯೆಂಬ ಕಾದಂಬರಿಯಲ್ಲಿ ನಿರೂಪಿಸಿದರು. ಅದನ್ನಾಧರಿಸಿ 1956ರಲ್ಲಿ ಹಿಂದಿಯಲ್ಲಿ ‘ಬಸಂತ್ ಬಹಾರ್’ ಚಿತ್ರವು ಬಂದಿತು. 1975ರಲ್ಲಿ ಜಿ. ವಿ. ಅಯ್ಯರವರು ಅದನ್ನು ಕನ್ನಡದಲ್ಲಿಯೇ ತೆರೆಗೆ ತಂದರು. ಅನಂತನಾಗರು ನಾಯಕರು, ನಿಮಾಯ್ ಘೋಷರು ಛಾಯಾಗ್ರಾಹಕರು, ಎಂ. ಬಾಲಮುರಳೀಕೃಷ್ಣ ಮತ್ತು ಬಿ. ವಿ. ಕಾರಂತರದು ಸಂಗೀತ, ಸಂಕಲನವು ಪ್ರಸಾದರದು.

ಈ ಕಾರ್ಯವು ಎಷ್ಟು ಸೂಕ್ಷ್ಮವಾದುದೆಂಬುದನ್ನು ವಾಚಕರು ಲೆಕ್ಕದಿಂದಲೇ ತಿಳಿಯಬಹುದು. ಸುರುಳಿಯ ಮೇಲೆ ಒಂದು ಕ್ಷಣಕ್ಕೆ 24 ಚೌಕಟ್ಟುಗಳು, ಒಂದಡಿಗೆ 16, ಆದುದರಿಂದ ಒಂದು ನಿಮಿಷಕ್ಕೆ 1440 ಚೌಕಟ್ಟುಗಳು, ಅಂದರೆ 90 ಅಡಿಗಳಾಗುವುವು. ಧ್ವನಿಯ ಪಟ್ಟಿಯು ಬೇರೆ, ಚಿತ್ರದ ಪಟ್ಟಿಯು ಬೇರೆ. ಹಾಡನ್ನು ಮೊದಲು ಮುದ್ರಿಸಿಕೊಂಡು, ಅದನ್ನು ಕೇಳಿಸುತ್ತ ನಟನ ಚಿತ್ರವನ್ನು ತೆಗೆಯುವುದು ವಾಡಿಕೆ. ಬಳಿಕ ಎರಡು ಪಟ್ಟಿಗಳನ್ನೂ ಸರಿಹೊಂದಿಸಬೇಕು. ನಾಲ್ಕಾರು ಚೌಕಟ್ಟುಗಳು ತಪ್ಪಿದರೂ ತುಟಿಯೊಂದು, ನುಡಿಯೊಂದು ಆಗುವುದು. ಶ್ಲೋಕದಲ್ಲಿ ಅಸ್ಥಾನದಲ್ಲಿ ನಿಂತರೆ ಯತಿಭಂಗವಾಗುವಂತೆ, ಆಲಾಪನೆಯ ನಡುವೆ ಅಕಾಲದಲ್ಲಿ ದೃಶ್ಯವನ್ನು ಕತ್ತರಿಸಿದರೆ ರಸಭಂಗವಾಗುವುದು. ಕತ್ತರಿಯನ್ನು ಹಿಡಿದವನಿಗೆ ಎಲ್ಲಿ ಕತ್ತರಿಸಬಾರದೆಂಬ ಅರಿವೇ ಮುಖ್ಯವು.

‘ಹಂಸಗೀತೆ’ಯು ಕನ್ನಡದ ಶ್ರೇಷ್ಠಚಿತ್ರವೆಂದು ರಾಷ್ಟ್ರಪ್ರಶಸ್ತಿಯನ್ನು ಪಡೆಯಿತು, ಬಾಲಮುರಳೀಕೃಷ್ಣರಿಗೆ ಗಾಯನದ ಪ್ರಶಸ್ತಿಯು ದೊರೆಯಿತು. ತರುವಾಯ 1983ರಲ್ಲಿ ಅಯ್ಯರವರು ‘ಆದಿ ಶಂಕರಾಚಾರ್ಯ’ವೆಂಬ ಚಿತ್ರವನ್ನು ನಿರ್ಮಿಸಿದರು. ಗೀರ್ವಾಣಭಾಷೆಯಲ್ಲಿ ತಯಾರಾದ ಮೊದಲ ಚಲಚ್ಚಿತ್ರವು ಅದೇ. ಅದರ ಸಂಕಲನವೂ ಪ್ರಸಾದರಿಗೇ ಒಪ್ಪಿಸಲ್ಪಟ್ಟಿತು. ಸ್ತೋತ್ರ, ಮಂತ್ರ, ಮೌನ—ಈ ಮೂರರ ಗತಿಯನ್ನೂ ಅಲ್ಲಿ ಕಾಯಬೇಕಾಗಿದ್ದಿತು. ಆ ಚಿತ್ರಕ್ಕೆ ರಾಷ್ಟ್ರದ ಶ್ರೇಷ್ಠಚಿತ್ರವೆಂಬ ಮನ್ನಣೆಯೂ, ಚಿತ್ರಕಥೆ, ಛಾಯಾಗ್ರಹಣ, ಧ್ವನಿಗ್ರಹಣಗಳಿಗೆ ಪ್ರಶಸ್ತಿಗಳೂ ಲಭಿಸಿದುವು. ಸಂಕಲನಕ್ಕೆ ಮಾತ್ರ ಲಭಿಸಲಿಲ್ಲ.

ಇದು ದೂರಿನ ಮಾತಲ್ಲ. ಹಾರದ ಪುಷ್ಪಗಳನ್ನು ಎಲ್ಲರೂ ಕೊಂಡಾಡುವರು. ಸೂತ್ರವು ಕಾಣದಿರುವುದೇ ಅದರ ಗುಣವು. ಆದರೂ ಇತಿಹಾಸವನ್ನು ಬರೆಯುವವರು ಸೂತ್ರವನ್ನು ಮರೆಯಲಾಗದು. ದುರ್ಗದ ಗಾಯಕನ ಕಥೆಯು ತೆರೆಯ ಮೇಲೆ ಲಯಗೆಡದೆ ಉಳಿದಿರುವುದಾದರೆ, ಆ ಪುಣ್ಯದಲ್ಲಿ ಪ್ರಸಾದರಿಗೂ ಪಾಲುಂಟು.