‘ಕನ್ನಡ’ ಪದದ ಉದ್ದ ಎಷ್ಟು? 3, 5, ಇಲ್ಲಾ 15?

ಕೋಡ್ ಹಿಂದಿನ ಕತೆ | ಭಾಗ 4

ಸ್ಟ್ರಿಂಗ್ ಅಂದ್ರೆ ಕೊನೆಯಲ್ಲಿ ಸೊನ್ನೆ ಇರುವ ಅಕ್ಷರಗಳ ಸಾಲು ಅಂತ ಸಿ ಲ್ಯಾಬ್‌ನಲ್ಲಿ ಎಲ್ಲರೂ ಬರ್ಕೊಂಡಿದ್ದೀವಿ. ಆ ಸೊನ್ನೆ ಬಂದಿದ್ದು ಎಲ್ಲಿಂದ?

1960ರ ದಶಕದ ಬಿಸಿಪಿಎಲ್ ಭಾಷೆಯಲ್ಲಿ ಅದು ಇರಲಿಲ್ಲ. ಸ್ಟ್ರಿಂಗ್‌ನ ಮೊದಲ ಬೈಟ್‌ನಲ್ಲೇ ಅದರ ಉದ್ದ ಬರೆದಿಡ್ತಿದ್ರು. ಆದರೆ 8 ಬಿಟ್‌ನಲ್ಲಿ 255ಕ್ಕಿಂತ ದೊಡ್ಡ ಸಂಖ್ಯೆ ಹಿಡಿಸಲ್ಲ. ಬೆಲ್ ಲ್ಯಾಬ್ಸ್‌ನಲ್ಲಿ ಕೆನ್ ಥಾಂಪ್ಸನ್ ಬಿ ಭಾಷೆ ಮಾಡುವಾಗ ಈ ಲೆಕ್ಕ ಬಿಟ್ಟು, ಕೊನೆಯಲ್ಲಿ ಒಂದು ಗುರುತು ಇಟ್ಟರು. 1970ರ ದಶಕದ ಶುರುವಿನಲ್ಲಿ ಡೆನ್ನಿಸ್ ರಿಚಿ ಕಟ್ಟಿದ ಸಿ ಭಾಷೆಯಲ್ಲಿ ಆ ಗುರುತು ಸೊನ್ನೆ ಬೈಟ್ ಆಯ್ತು. ಉದ್ದಕ್ಕೆ ಮಿತಿ ಇಲ್ಲ, ಲೆಕ್ಕ ಇಡುವ ಗೋಜೂ ಇಲ್ಲ.

ಈ ಅನುಕೂಲಕ್ಕೆ ದುಬಾರಿ ಬೆಲೆ ತೆರಬೇಕಾಯ್ತು. ಎಷ್ಟು ಜಾಗ ಇದೆ ಅಂತ ಸಿ ಸ್ಟ್ರಿಂಗ್‌ಗೇ ಗೊತ್ತಿರಲ್ಲ. 1988ರ ನವೆಂಬರ್ 2ರಂದು ಹರಡಿದ ಮಾರಿಸ್ ವರ್ಮ್ ಬಳಸಿಕೊಂಡ ದಾರಿಗಳಲ್ಲಿ ಇದೂ ಒಂದು. ಫಿಂಗರ್ ಅನ್ನೋ ಸೇವೆ 512 ಬೈಟ್ ಜಾಗ ಇಟ್ಟು, ‘ಗೆಟ್ಸ್’ ಫಂಕ್ಷನ್‌ನಿಂದ ಓದ್ತಿತ್ತು. ವರ್ಮ್ ಅದಕ್ಕಿಂತ ಜಾಸ್ತಿ ತುರುಕಿತು. ಉಕ್ಕಿದ ಬೈಟ್‌ಗಳು ಪಕ್ಕದ ಮೆಮೊರಿಯನ್ನ ಅಳಿಸಿ ಬರೆದವು, ಮಷೀನ್ ಅದರ ಮಾತು ಕೇಳಿತು. ಸಾವಿರಾರು ಕಂಪ್ಯೂಟರ್‌ಗಳು ತತ್ತರಿಸಿದವು. ಸಿ ಸ್ಟ್ಯಾಂಡರ್ಡ್‌ನಿಂದ ಗೆಟ್ಸ್‌ನ ತೆಗೆದುಹಾಕಿದ್ದು 2011ರಲ್ಲಿ!

ಇನ್ನೊಂದು ಕಡೆ, 1992ರಲ್ಲಿ ಅದೇ ಥಾಂಪ್ಸನ್, ರಾಬ್ ಪೈಕ್ ಜೊತೆ ಸೇರಿ ಯುಟಿಎಫ್-8 ರೂಪಿಸಿದರು. ಇದರಲ್ಲಿ ಇಂಗ್ಲಿಷ್ ಅಕ್ಷರಕ್ಕೆ 1 ಬೈಟ್ ಸಾಕು. ಕನ್ನಡದ ಪ್ರತಿ ಚಿಹ್ನೆಗೂ 3 ಬೈಟ್ ಬೇಕು.

2015ರ ಮೇ ತಿಂಗಳಲ್ಲಿ ರಸ್ಟ್ 1.0 ಬಂತು. ಇದರಲ್ಲಿ ಮುಖ್ಯವಾಗಿ ಎರಡು ಬಗೆ: ‘ಸ್ಟ್ರಿಂಗ್’ ಮತ್ತು ‘ಸ್ಟ್ರಿಂಗ್ ಸ್ಲೈಸ್’. ಸ್ಟ್ರಿಂಗ್ ಅಂದ್ರೆ ನಿಮ್ಮ ಸ್ವಂತ ನೋಟ್ಸ್, ಬೇಕಾದಷ್ಟು ಬೆಳೆಸಬಹುದು. ಸ್ಲೈಸ್ ಅಂದ್ರೆ ‘ಫ್ರೆಂಡ್ ನೋಟ್ಸ್‌ನಲ್ಲಿ ಇಲ್ಲಿಂದ ಇಷ್ಟು ಓದ್ಕೊ’ ಅನ್ನೋ ಚೀಟಿ. ಚೀಟಿ ಬಳಕೆಯಲ್ಲಿ ಇರುವಾಗ ನೋಟ್ಸ್ ಎಸೆಯೋಕೆ ಕಂಪೈಲರ್ ಬಿಡಲ್ಲ. ಎರಡರ ಜೊತೆಗೂ ಉದ್ದ ಬರೆದಿರುತ್ತೆ. ಬಿಸಿಪಿಎಲ್‌ನ ಹಳೇ ಐಡಿಯಾ ವಾಪಸ್ ಬಂತು, 255ರ ಮಿತಿ ಮಾತ್ರ ಇಲ್ಲ.

ಈಗ ‘ಕನ್ನಡ’ ಪದದ ಉದ್ದ ಕೇಳಿ. ರಸ್ಟ್‌ನ ‘ಲೆನ್’ 15 ಅನ್ನುತ್ತೆ, ಅದು ಬೈಟ್ ಲೆಕ್ಕ. ‘ಚಾರ್ಸ್’ ಎಣಿಸಿದರೆ 5: ಕ, ನ, ಒತ್ತು ಕೂಡಿಸುವ ಚಿಹ್ನೆ, ನ, ಡ. ನಮ್ಮ ಕಣ್ಣಿಗೆ ಮಾತ್ರ 3. ಮೂರೂ ಸರಿ! ಅದಕ್ಕೇ ‘ಸೊನ್ನೆಯನೇ ಅಕ್ಷರ ಕೊಡು’ ಅಂದ್ರೆ ರಸ್ಟ್ ಕಂಪೈಲೇ ಮಾಡಲ್ಲ. ಅಕ್ಷರದ ಮಧ್ಯೆ ಸ್ಲೈಸ್ ಮಾಡೋಕೆ ಹೋದರೆ ಪ್ರೋಗ್ರಾಂ ನಿಂತುಬಿಡುತ್ತೆ.

ಇಷ್ಟೊಂದು ಹಠ ಯಾಕೆ? ಹೆಸರಿಗೆ 20 ಬೈಟ್ ಸಾಕು ಅಂತ ಯಾರೋ ಫಾರ್ಮ್ ಮಾಡಿದ್ದಾರೆ ಅಂದ್ಕೊಳ್ಳಿ. ‘ವಿಶ್ವೇಶ್ವರಯ್ಯ’ಗೆ ಬೇಕಾದ್ದು 39. ಸಿ ಭಾಷೆಯಲ್ಲಿ ಸುಮ್ಮನೆ ಕತ್ತರಿಸಿದರೆ ಉಳಿಯೋದು ‘ವಿಶ್ವೇ’, ಜೊತೆಗೆ ಓದೋಕಾಗದ ಎರಡು ಬೈಟ್ ಚೂರು. ನಾಳೆ ಅಂಥ ಫಾರ್ಮ್ ಮಾಡುವವರು ನಾವೇ. ಇಂಗ್ಲಿಷ್ ಹೆಸರಷ್ಟೇ ಹಾಕಿ ಟೆಸ್ಟ್ ಮುಗಿಸಬೇಡಿ.

ನಿಮ್ಮ ಹೆಸರು ಕನ್ನಡದಲ್ಲಿ ಎಷ್ಟು ಬೈಟ್? ಎಣಿಸಿ, ಕಾಮೆಂಟ್ ಹಾಕಿ 👇

#ಕೋಡ್‌ಹಿಂದಿನಕತೆ #ರಸ್ಟ್ #ಕನ್ನಡದಲ್ಲಿಟೆಕ್