ಝಾರ್ ದೊರೆಯ ತುಕ್ಕು ಹಿಡಿದ ಡಬ್ಬಿಗಳು

ಹಡಗಿನ ಡೆಕ್ ಮೇಲೆ ಬಟ್ಟೆಯ ಚಪ್ಪರ. ಅದರ ನೆರಳಲ್ಲಿ ರಷ್ಯದ ಸಿರಿವಂತ ಮನೆತನದ ಹೆಂಗಳೆಯರು ಸೇನಾಧಿಕಾರಿಗಳ ಜತೆ ಕುಣಿಯುತ್ತಿದ್ದಾರೆ. 'ಬೆವರು ಸುರಿಯುವತನಕ' ಎಂದು ತೆರೆಯ ಮೇಲೆ ಬರಹ ಮೂಡುತ್ತದೆ. ಅದರ ಬೆನ್ನಿಗೇ ಕಾಣಿಸುವವರು ಮಣ್ಣು ಅಗೆಯುತ್ತಿರುವ ಕೂಲಿಗಳು. ಅವರೂ ಬೆವರು ಒರೆಸಿಕೊಳ್ಳುತ್ತಾರೆ.

ಈ ದೃಶ್ಯಗಳನ್ನು ತೆಗೆದ ಛಾಯಾಗ್ರಾಹಕರು ಇಂಥ ಜೋಡಣೆಯನ್ನು ಕನಸಿನಲ್ಲೂ ಎಣಿಸಿರಲಾರರು. ಅವನ್ನು ಅಕ್ಕಪಕ್ಕ ಇಟ್ಟವರು ಎಸ್ಫಿರ್ ಶುಬ್ (1894–1959). ಚಿತ್ರ, 1927ರಲ್ಲಿ ತೆರೆಕಂಡ 'ರೊಮಾನೊವ್ ರಾಜವಂಶದ ಪತನ'. ಹಳೆಯ ಸುದ್ದಿಚಿತ್ರಗಳ ತುಣುಕುಗಳನ್ನೇ ಪೋಣಿಸಿ ಪೂರ್ಣ ಪ್ರಮಾಣದ ಚಿತ್ರ ಮಾಡುವ ವಿದ್ಯೆಗೆ ಅಡಿಪಾಯ ಹಾಕಿದ ಕೃತಿಯಿದು.

ಶುಬ್ ಅದಕ್ಕೆ ಮುನ್ನ ಮಾಸ್ಕೋದ ಸರ್ಕಾರಿ ಚಿತ್ರಸಂಸ್ಥೆಯಲ್ಲಿ ವಿದೇಶಿ ಚಿತ್ರಗಳನ್ನು ಸೋವಿಯತ್ ಪ್ರೇಕ್ಷಕರಿಗೆ ಒಗ್ಗುವಂತೆ ಕತ್ತರಿಸಿ ಜೋಡಿಸುತ್ತಿದ್ದರು. ಮುಂದೆ ಜಗದ್ವಿಖ್ಯಾತರಾದ ಐಸೆನ್‌ಸ್ಟೀನ್ ಕೂಡ ಆಕೆಯ ಮೇಜಿನ ಪಕ್ಕದಲ್ಲಿ ಕುಳಿತು ಸಂಕಲನದ ಪಾಠ ಕಲಿತವರೇ.

ಫೆಬ್ರವರಿ ಕ್ರಾಂತಿಯ ಹತ್ತನೇ ವರ್ಷಕ್ಕೆಂದು ಚಿತ್ರ ಮಾಡಲು 1926ರಲ್ಲಿ ಲೆನಿನ್‌ಗ್ರಾಡ್‌ಗೆ ಹೋದ ಶುಬ್‌ಗೆ ಎದುರಾದದ್ದು ತೇವ ತುಂಬಿದ ನೆಲಮಾಳಿಗೆ. ಡಬ್ಬಿಗಳಿಗೆ ತುಕ್ಕು ಹಿಡಿದಿತ್ತು. ಶೀತಕ್ಕೆ ಫಿಲ್ಮಿನ ಮೇಲಣ ಲೇಪ ಅಲ್ಲಲ್ಲಿ ಕಿತ್ತು ಬಂದಿತ್ತು. ಪಟ್ಟಿಯಲ್ಲಿದ್ದ ಎಷ್ಟೋ ದೃಶ್ಯಗಳು ಡಬ್ಬಿಯಲ್ಲಿರಲಿಲ್ಲ. ಯಾವ ಕ್ರಾಂತಿಗಾಗಿ ಚಿತ್ರವೋ ಆ ಕ್ರಾಂತಿಯ ಒಂದು ಮೀಟರ್ ಫಿಲ್ಮೂ ಅಲ್ಲಿ ಉಳಿದಿರಲಿಲ್ಲ! ಸುಮಾರು 60,000 ಮೀಟರ್ ಫಿಲ್ಮನ್ನು ಎರಡು ತಿಂಗಳ ಕಾಲ ನೋಡಿ, ಆಕೆ ಮಾಸ್ಕೋಗೆ ಒಯ್ದದ್ದು 5,200 ಮೀಟರ್.

ಝಾರ್ ಎರಡನೇ ನಿಕೊಲಸ್‌ಗೆ ತನ್ನ ಚಲನಚಿತ್ರ ತೆಗೆಸಿಕೊಳ್ಳುವ ಹವ್ಯಾಸವಿತ್ತು. ಮೆರವಣಿಗೆ, ಕುಟುಂಬದ ವಿಹಾರ ಎಲ್ಲವೂ ಫಿಲ್ಮಿಗಿಳಿದಿದ್ದವು. ಅರಮನೆಯ ವೈಭವ ಸಾರಲು ತೆಗೆದ ಅದೇ ಚಿತ್ರಗಳು ಶುಬ್ ಕೈಯಲ್ಲಿ ಅರಮನೆಯ ವಿರುದ್ಧವೇ ಸಾಕ್ಷಿ ನುಡಿದವು. ಇದು ನ್ಯಾಯವೇ ಎಂದು ಕೇಳುವವರಿರಬಹುದು. ಆಕೆ ಗೆದ್ದವರ ಪರವಾಗಿಯೇ ಕತ್ತರಿ ಹಿಡಿದಿದ್ದರು ಎಂಬುದೂ ದಿಟ. ಆದರೆ ತುಣುಕುಗಳು ಅಸಲಿ. ಇಲ್ಲದ ದೃಶ್ಯವನ್ನು ನಟರಿಂದ ಆಡಿಸಿ ಸೇರಿಸುವ ಗೋಜಿಗೆ ಅವರು ಹೋಗಲಿಲ್ಲ. ಇಷ್ಟಾದರೂ ಸಂಸ್ಥೆ ಆಕೆಗೆ ಕರ್ತೃವಿನ ಸಂಭಾವನೆ ಕೊಡಲಿಲ್ಲ. ಕವಿ ಮಾಯಕೋವ್‌ಸ್ಕಿ ಇದನ್ನು ಬಹಿರಂಗವಾಗಿಯೇ ಖಂಡಿಸಿದರು.

ಮರುವರ್ಷ, 1928ರಲ್ಲಿ, ಐಸೆನ್‌ಸ್ಟೀನರ 'ಅಕ್ಟೋಬರ್' ತೆರೆಕಂಡಿತು. ಚಳಿಗಾಲದ ಅರಮನೆಗೆ ಜನಸಮೂಹ ಲಗ್ಗೆ ಹಾಕುವ ದೃಶ್ಯ ಅದರದ್ದು. 1917ರ ಆ ರಾತ್ರಿಯ ಘಟನೆಯನ್ನು ಯಾವ ಕ್ಯಾಮೆರಾವೂ ಸೆರೆಹಿಡಿದಿರಲಿಲ್ಲ. ಮುಂದೆ ಸಾಕ್ಷ್ಯಚಿತ್ರಗಳು, ಟಿ.ವಿ. ಕಾರ್ಯಕ್ರಮಗಳು ಆ ದೃಶ್ಯವನ್ನೇ ಕ್ರಾಂತಿಯ ನಿಜ ಚಿತ್ರವೆಂಬಂತೆ ಎಷ್ಟೋ ಸಲ ತೋರಿಸಿದವು. ಅರಮನೆಯ ಗೇಟು ಹತ್ತುವ ಆ ಜನ, 1927ರಲ್ಲಿ ಐಸೆನ್‌ಸ್ಟೀನರ ಕ್ಯಾಮೆರಾದ ಮುಂದೆ ಓಡಿದವರು.